ಹಂಗಾಮು, ಹಂಗಾಮಿ, ಹಂಗಾಮಾ

ಅಕ್ಟೋಬರ್ ತಿಂಗಳಲ್ಲಿ ನಮ್ಮ ಕಡೆಯ ಯಾವುದೇ ಪತ್ರಿಕೆಯ ಜಿಲ್ಲಾ ಪುಟ ತೆಗೆದು ನೋಡಿ. ಮೇಲೆ ಹಿಂಗಾರು ಹಂಗಾಮಿನ ಬೀಜ, ಗೊಬ್ಬರದ ಸುದ್ದಿ ಇರುತ್ತದೆ. ಪಕ್ಕದಲ್ಲಿ ಕಬ್ಬು ನುರಿಸುವ ಹಂಗಾಮು ಶುರುವಾಗುವ ಸುದ್ದಿ. ಕೆಳಗೆ, ಜಾಗ ಉಳಿದಿದ್ದರೆ, ಹಂಗಾಮಿ ನೌಕರರ ಧರಣಿ. ಒಂದೇ ಪುಟದಲ್ಲಿ ಒಂದೇ ಪದ ಮೂರು ಕಡೆ ಕೂತಿರುತ್ತದೆ. ಮೂರನ್ನೂ ಓದುವವರು ಒಂದೇ ಮನೆಯವರಾಗಿರುವುದೂ ಉಂಟು. ನಮ್ಮ ಮನೆಯಲ್ಲಂತೂ ಹಾಗೆಯೇ.

ನಾನು ಸರ್ಕಾರಿ ಪದವಿ ಕಾಲೇಜೊಂದರಲ್ಲಿ ಕನ್ನಡ ಪಾಠ ಮಾಡುತ್ತೇನೆ. ಅನ್ಯದೇಶ್ಯ ಪದಗಳ ಪಾಠ ನಡೆದಿದ್ದಾಗ ಎರಡನೇ ಸೆಮಿಸ್ಟರಿನ ಹುಡುಗಿಯೊಬ್ಬಳು ಎದ್ದು ನಿಂತು ಕೇಳಿದಳು: ‘ಸರ್, ಹಂಗಾಮು ಅಂದ್ರ ಸೀಸನ್, ಹಂಗಾಮಿ ಅಂದ್ರ ಟೆಂಪರರಿ. ಇವೆರಡಕ್ಕೂ ಏನ್ ಸಂಬಂಧ್ರಿ?’ ಹಿಂದಿನ ಬೆಂಚಿನವನೊಬ್ಬ ತಡಮಾಡದೆ ಉತ್ತರಿಸಿದ: ‘ಸರ್‌ನೇ ಕೇಳು, ಅವ್ರೇ ಹಂಗಾಮಿ ಅದಾರ.’ ಇಡೀ ಕ್ಲಾಸು ನಕ್ಕಿತು, ನಾನೂ ನಕ್ಕೆ. ನನ್ನ ಹುದ್ದೆಯ ಹೆಸರು ಅತಿಥಿ ಉಪನ್ಯಾಸಕ. ಆದೇಶಪತ್ರದೊಳಗಿನ ಭಾಷೆ ಮಾತ್ರ ಹಂಗಾಮಿಯದೇ. ಆ ಪ್ರಶ್ನೆಗೆ ಐದು ನಿಮಿಷದಲ್ಲಿ ಕೊಡಬಹುದಾದ ಉತ್ತರ ಕೊಟ್ಟು ಮುಂದಿನ ಪದಕ್ಕೆ ಹೋದೆ. ಐದು ನಿಮಿಷದಲ್ಲಿ ಹೇಳಲಾಗದ್ದನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಹೊಲದ ಹಂಗಾಮು. ನಮ್ಮದು ಜೇವರ್ಗಿ ತಾಲೂಕು, ಎರಿ ಹೊಲದ ಊರು. ತೊಗರಿ, ಹತ್ತಿ, ಹಿಂಗಾರಿ ಜೋಳ, ಕಡ್ಲಿ. ಅವ್ವನ ಬಾಯಲ್ಲಿ ಈ ಪದಕ್ಕೆ ಕೊನೆಯ ‘ಉ’ ಇಲ್ಲ, ಬರೀ ‘ಹಂಗಾಮ’. ‘ಹಂಗಾಮ ಬಂತಂದ್ರ ಸಾಯ್ಲಾಕೂ ಪುರಸೊತ್ತಿರಂಗಿಲ್ಲ’ ಎನ್ನುವಾಗ ಅದು ಕೆಲಸ ಮೈಮೇಲೆ ಬೀಳುವ ಹೊತ್ತು. ‘ಈ ಸಲ ಹಂಗಾಮ ಚಲೋ ಅದ’ ಎಂದರೆ ಮಳೆ ಹದಕ್ಕೆ ಬಿದ್ದಿದೆ, ಬೆಳೆ ಎದ್ದಿದೆ. ‘ಹಂಗಾಮ ಹ್ವಾಯ್ತು’ ಎಂದರೆ ಬೆಳೆಯೂ ಹೋಯಿತು, ಹಾಕಿದ ದುಡ್ಡೂ ಹೋಯಿತು. ‘ಹಂಗಾಮ ಮುಗೀಲಿ, ಆಮ್ಯಾಲ ನೋಡಮು’ ಎಂದರೆ ದವಾಖಾನೆ, ಲಗ್ನ, ಸಾಲ, ನೆಂಟಸ್ತನ ಏನೇ ಇದ್ದರೂ ಅಲ್ಲಿಯ ತನಕ ಕಾಯಬೇಕು. ಕ್ಯಾಲೆಂಡರಿನ ಕಾಲಕ್ಕೆ ಅವ್ವ ಈ ಪದ ಬಳಸಿದ್ದು ನಾನು ಕೇಳಿಲ್ಲ. ಬಿಸಿಲು, ಚಳಿ, ಮಳೆ ಅವಳಿಗೆ ಹಂಗಾಮಗಳಲ್ಲ. ಅವುಗಳೊಳಗೆ ಕೈಗೆ ಕೆಲಸ ಹತ್ತಿದ ಹೊತ್ತೇ ಹಂಗಾಮ.

ಕನ್ನಡದಲ್ಲಿ ಇದಕ್ಕೆ ‘ಸುಗ್ಗಿ’ ಎಂಬ ಸೊಗಸಾದ ಪದ ಇರಲಿಲ್ಲವೇ ಎಂದು ಕೇಳಬಹುದು. ಇದೆ. ಆದರೆ ಸುಗ್ಗಿ ಕೊಯ್ಲಿನದು, ಕಣದ್ದು, ಕೈಗೆ ಬಂದ ಮೇಲಿನದು. ಅದರಲ್ಲಿ ಸಂಭ್ರಮ ಇರಲೇಬೇಕು. ಹಂಗಾಮದಲ್ಲಿ ಬಿತ್ತಿಗೆ, ಕಳೆವು, ಎಣ್ಣಿ ಹೊಡೆಯುವುದು, ಆಳು ಸಿಗದೆ ಊರೂರು ತಿರುಗುವುದು ಎಲ್ಲ ಸೇರಿದೆ. ಕವಿತೆ ಬರೆಯುವವರು ಸುಗ್ಗಿಯನ್ನು ಆರಿಸಿಕೊಂಡರು, ಒಕ್ಕಲುತನ ಮಾಡುವವರು ಹಂಗಾಮವನ್ನು ಇಟ್ಟುಕೊಂಡರು ಎಂದು ನನಗೆ ಎಷ್ಟೋ ಸಲ ಅನಿಸಿದೆ.

ಈ ಪದ ನಮ್ಮದಲ್ಲ. ಪಾರ್ಸಿಯ ‘ಹಂಗಾಮ್’ ಅಂದರೆ ಕಾಲ, ಸಮಯ, ಹೊತ್ತು. ಇಸ್ಲಾಂ ಪೂರ್ವದ ನಡು ಪಾರ್ಸಿಯಲ್ಲೂ ಅದು ಇದೇ ಅರ್ಥದಲ್ಲಿತ್ತು. ಕಲಬುರಗಿ 1347ರಲ್ಲಿ ಬಹಮನಿ ರಾಜ್ಯದ ರಾಜಧಾನಿಯಾದ ಮೇಲೆ ಪಾರ್ಸಿ ಇಲ್ಲಿಯ ದರ್ಬಾರಿನ, ದಫ್ತರಿನ ಭಾಷೆಯಾಯಿತು. ಮುಂದೆ ಆದಿಲಶಾಹಿ, ಮೊಗಲರು, ನಿಜಾಮರು ಬಂದರು. ಹೈದರಾಬಾದ್ ಸಂಸ್ಥಾನದಲ್ಲಿ 19ನೇ ಶತಮಾನದ ಕೊನೆಯ ಹೊತ್ತಿಗೆ ಪಾರ್ಸಿಯ ಜಾಗಕ್ಕೆ ಉರ್ದು ಬಂತು. ಆದರೂ ಲೆಕ್ಕಪತ್ರದ ಪದಗಳು ಬದಲಾಗಲಿಲ್ಲ. 1948ರಲ್ಲಿ ಸಂಸ್ಥಾನ ಹೋಯಿತು, 1956ರಲ್ಲಿ ನಾವು ಕನ್ನಡದ ರಾಜ್ಯಕ್ಕೆ ಸೇರಿದೆವು. ತಹಸೀಲು, ಪಹಣಿ, ಅರ್ಜಿ, ಹಾಜರಿ, ವಸೂಲಿ ಯಾವೂ ಎದ್ದು ಹೋಗಲಿಲ್ಲ.

ಹಂಗಾಮಕ್ಕೆ ಇನ್ನೊಂದು ಆಸರೆಯೂ ಇತ್ತು. ಅವ್ವನ ತವರು ಆಳಂದ ತಾಲೂಕಿನಲ್ಲಿ, ಮಹಾರಾಷ್ಟ್ರದ ಗಡಿಯ ಮಗ್ಗುಲಿಗೆ. ಅಲ್ಲಿಯ ಸಂತೆಯಲ್ಲಿ ಕನ್ನಡ, ಮರಾಠಿ, ಉರ್ದು ಮೂರೂ ಒಂದೇ ತಕ್ಕಡಿಯಲ್ಲಿ ತೂಗುತ್ತವೆ. ಮರಾಠಿಯಲ್ಲೂ ‘ಹಂಗಾಮ್’ ಅಂದರೆ ಬೆಳೆಯ ಕಾಲ. ‘ಖರೀಪ್ ಹಂಗಾಮ್’, ‘ರಬ್ಬಿ ಹಂಗಾಮ್’ ಎಂದು ಅವರೂ ಬರೆಯುತ್ತಾರೆ. ಖರೀಫ್ ಮತ್ತು ರಬಿ ಅರಬ್ಬಿ ಪದಗಳು, ಅಲ್ಲಿ ಅವು ಶರತ್ಕಾಲ ಮತ್ತು ವಸಂತದ ಹೆಸರುಗಳು. ನಾವು ಆ ಎರಡಕ್ಕೂ ಮುಂಗಾರು, ಹಿಂಗಾರು ಎಂಬ ಅಚ್ಚಗನ್ನಡದ ಪದಗಳನ್ನೇ ಇಟ್ಟುಕೊಂಡು ಬಾಲಕ್ಕೆ ಮಾತ್ರ ಪಾರ್ಸಿಯ ಹಂಗಾಮನ್ನು ಕಟ್ಟಿದೆವು. ಮೋಡ ನಮ್ಮದು, ಕಾಲ ಅವರದು.

ಗಡಿ ದಾಟಿದರೆ ಸಣ್ಣ ವ್ಯತ್ಯಾಸ ಕಾಣುತ್ತದೆ. ದುಡಿಯಲು ಗುಳೆ ಹೋದವರ ಮಕ್ಕಳು ಶಾಲೆ ಬಿಡದಿರಲಿ ಎಂದು ಮಹಾರಾಷ್ಟ್ರದಲ್ಲಿ ‘ಹಂಗಾಮಿ ವಸತಿಗೃಹ’ಗಳನ್ನು ನಡೆಸುತ್ತಾರೆ. ಅಲ್ಲಿ ಹಂಗಾಮಿ ಎಂದರೆ ಹಂಗಾಮಿನ ಕಾಲಕ್ಕೆ ನಡೆಯುವಂಥದ್ದು. ಅದೇ ಹೆಸರನ್ನು ಕನ್ನಡದವನು ಓದಿದರೆ, ಸ್ವಂತ ಕಟ್ಟಡವಿಲ್ಲದೆ ಎಲ್ಲೋ ತಾತ್ಕಾಲಿಕವಾಗಿ ನಡೆಸುತ್ತಿದ್ದಾರೆ ಎಂದುಕೊಳ್ಳುತ್ತಾನೆ. ಮರಾಠಿಯ ಹಂಗಾಮಿಯಲ್ಲಿ ಎರಡೂ ಅರ್ಥ ಉಳಿದಿವೆ. ನಮ್ಮ ಹಂಗಾಮಿಯಿಂದ ಬೆಳೆಯ ವಾಸನೆ ಹೋಗಿಬಿಟ್ಟಿದೆ, ಅಲ್ಲಿ ಕಚೇರಿಯ ಕಾಗದದ ವಾಸನೆ ಮಾತ್ರ ಉಳಿದಿದೆ.

ಪದ ಕಟ್ಟಿದ ರೀತಿ ಸರಳ. ಸರಕಾರದ್ದು ಸರಕಾರಿ, ಹಂಗಾಮಿನದು ಹಂಗಾಮಿ. ಪಾರ್ಸಿಯ ‘ಈ’ ಪ್ರತ್ಯಯ ‘ಅದಕ್ಕೆ ಸೇರಿದ್ದು’ ಎಂದು ಹೇಳುತ್ತದೆ. ಹಂಗಾಮಿ ಅಂದರೆ ಆ ಹೊತ್ತಿಗೆ ಸೇರಿದ್ದು. ಹೊತ್ತು ಹೋದ ಮೇಲೆ ಏನು ಎಂಬುದನ್ನು ಪ್ರತ್ಯಯ ಹೇಳುವುದಿಲ್ಲ.

ಮೂರನೆಯವನು ಹಂಗಾಮಾ. ಹಿಂದಿ ಸಿನಿಮಾ ನೋಡುವವರಿಗೆ ಇವನ ಪರಿಚಯ ಬೇಡ. 2003ರಲ್ಲಿ ಪ್ರಿಯದರ್ಶನ್ ಇದೇ ಹೆಸರಿನ ನಗೆಚಿತ್ರ ಮಾಡಿದ್ದರು. ಗದ್ದಲ, ರಂಪ, ಗಲಾಟೆ. ಪಾರ್ಸಿಯಲ್ಲಿ ‘ಹಂಗಾಮಾ’ ಎಂದರೆ ಜನ ಸೇರುವುದು, ಆ ಜಂಗುಳಿ, ಅದು ಎಬ್ಬಿಸುವ ಸದ್ದು. ಕಾಲ ಹೇಳುವ ಪದದಿಂದ ಗದ್ದಲ ಹೇಗೆ ಹುಟ್ಟಿತು ಎಂದು ಕೇಳುವವರು ಒಮ್ಮೆ ಗಾಣಗಾಪುರಕ್ಕೆ ಹೋಗಿ ಬರಬೇಕು.

ಆಳಂದ ತಾಲೂಕಿನಲ್ಲಿ ಹರಿದು ಬರುವ ಅಮರ್ಜಾ ನದಿ ಅಫಜಲಪುರ ತಾಲೂಕಿನ ದೇವಲ ಗಾಣಗಾಪುರದ ಬಳಿ ಭೀಮೆಯನ್ನು ಕೂಡುತ್ತದೆ. ಭೀಮೆ ಅಲ್ಲಿಂದ ಕೆಳಗೆ ನಮ್ಮ ಜೇವರ್ಗಿಯ ಕಡೆ ಬರುತ್ತಾಳೆ. ನಮ್ಮ ಮನೆಯ ಹೆಣ್ಣುಮಕ್ಕಳ ದಾರಿಯೂ ಈ ನೀರಿನ ದಾರಿಯೇ. ಅವ್ವ ಆಳಂದದಿಂದ ಜೇವರ್ಗಿಗೆ ಬಂದಳು, ಅಕ್ಕನನ್ನು ಅಫಜಲಪುರದ ಕಡೆ ಕೊಟ್ಟೆವು. ಅಕ್ಕನ ಊರಿಗೆ ಹೋದಾಗಲೆಲ್ಲ ಗಾಣಗಾಪುರಕ್ಕೆ ಹೋಗುತ್ತೇವೆ. ಹುಣ್ಣಿಮೆ ಬಂದರೆ ದತ್ತನ ಗುಡಿಯ ಓಣಿಯಲ್ಲಿ ಕಾಲಿಡಲು ಜಾಗವಿರುವುದಿಲ್ಲ. ದತ್ತ ಜಯಂತಿಗಂತೂ ಹೇಳುವುದೇ ಬೇಡ. ತೆಂಗಿನಕಾಯಿ ಮಾರುವ ಮುದುಕಿ ಒಬ್ಬಳು ಅಕ್ಕನಿಗೆ ಹೇಳಿದ್ದಳು: ‘ನಮ್ದು ಹುಣ್ಣಿಮಿ ಹಂಗಾಮ ತಾಯಿ. ಮಳಿ ಹಂಗಾಮ ಇದ್ದೋರು ಹೊಲಾ ನೋಡ್ತಾರ, ನಾವು ಚಂದ್ರಾಮನ್ನ ನೋಡ್ತೀವಿ.’ ಅವಳ ಹಂಗಾಮದಲ್ಲಿ ಕಾಲ ಯಾವುದು, ಜಂಗುಳಿ ಯಾವುದು ಎಂದು ಬೇರೆ ಮಾಡಲಿಕ್ಕೆ ಬರುವುದಿಲ್ಲ. ಕಾಲ ಕೂಡಿಬಂದರೆ ಜನ ಕೂಡುತ್ತಾರೆ, ಜನ ಕೂಡಿದರೆ ಸದ್ದು. ತೊಗರಿ ರಾಶಿಯ ದಿನಗಳಲ್ಲಿ ನಮ್ಮ ಹೊಲದ ಹಾದಿಯೂ ಅದೇ. ಮಷೀನಿನ ಸದ್ದು, ಆಳುಗಳ ಕೂಗಾಟ, ಹೊಟ್ಟಿನ ಧೂಳು.

ಇದು ಪಾರ್ಸಿಯ ಒಂದು ಪದಕ್ಕಷ್ಟೇ ಆದದ್ದು ಎಂದು ಬಹಳ ದಿನ ತಿಳಿದಿದ್ದೆ. ಆಮೇಲೆ ಲ್ಯಾಟಿನ್ ಕಡೆ ಕಣ್ಣು ಹಾಯಿಸಿದರೆ ಅಲ್ಲೂ ಇದೇ ಸಂಸಾರ. ‘ಟೆಂಪುಸ್’ ಅಂದರೆ ಕಾಲ. ಅದರಿಂದ ಇಂಗ್ಲಿಷಿನ ಟೆಂಪರರಿ ಬಂತು, ಅಂದರೆ ಹಂಗಾಮಿ. ಅದೇ ಬೇರಿನ ‘ಟೆಂಪೆಸ್ಟಾಸ್’ ಮೊದಲು ಹೊತ್ತು, ಋತು, ಹವೆ ಎಂದಿದ್ದು ಕೊನೆಗೆ ಬಿರುಗಾಳಿಯಾಯಿತು. ಶೇಕ್ಸ್‌ಪಿಯರನ ನಾಟಕದ ಹೆಸರಿನಲ್ಲಿರುವ ಟೆಂಪೆಸ್ಟ್ ಅದೇ. ಸ್ಪ್ಯಾನಿಷ್ ಇನ್ನೂ ಮುಂದೆ ಹೋಗಿದೆ. ಅಲ್ಲಿ ‘ಟೆಂಪೊರಾದಾ’ ಎಂದರೆ ಹಂಗಾಮು. ‘ಟೆಂಪೊರಾಲ್’ ಎಂಬ ಒಂದೇ ಪದಕ್ಕೆ ತಾತ್ಕಾಲಿಕ ಎಂಬ ಅರ್ಥವೂ ಇದೆ, ಬಿರುಗಾಳಿ ಎಂಬ ಅರ್ಥವೂ ಇದೆ. ಕಾಲ, ತಾತ್ಕಾಲಿಕ, ಗದ್ದಲ: ಒಂದಕ್ಕೊಂದು ಪರಿಚಯವಿಲ್ಲದ ಭಾಷೆಗಳು ಒಂದೇ ದಾರಿಯಲ್ಲಿ ನಡೆದು ಒಂದೇ ಕಡೆ ಮುಟ್ಟಿವೆ.

ಈ ಎರಡು ಸಂಸಾರಗಳು ನಮ್ಮ ವಿಧಾನಸಭೆಯಲ್ಲಿ ಭೇಟಿಯಾಗುತ್ತವೆ. ಚುನಾವಣೆ ಮುಗಿದ ಮೇಲೆ ಹೊಸ ಶಾಸಕರಿಗೆ ಪ್ರಮಾಣವಚನ ಬೋಧಿಸಲು ಹಿರಿಯರೊಬ್ಬರನ್ನು ನೇಮಿಸುತ್ತಾರೆ. 2023ರ ಮೇ ತಿಂಗಳಲ್ಲಿ ಆರ್.ವಿ. ದೇಶಪಾಂಡೆ ಆ ಕೆಲಸ ಮಾಡಿದರು. ಇಂಗ್ಲಿಷಿನಲ್ಲಿ ಅದು ‘ಪ್ರೊಟೆಂ’ ಸ್ಪೀಕರ್, ಲ್ಯಾಟಿನ್ನಿನ ‘ಪ್ರೊ ಟೆಂಪೊರೆ’, ಅಂದರೆ ಸದ್ಯದ ಹೊತ್ತಿಗೆ. ಕನ್ನಡ ಪತ್ರಿಕೆಗಳು ‘ಹಂಗಾಮಿ ಸ್ಪೀಕರ್’ ಎಂದು ಬರೆಯುತ್ತವೆ. ಲ್ಯಾಟಿನ್ನಿಗೆ ಪಾರ್ಸಿಯಲ್ಲಿ ಕೊಟ್ಟ ಅನುವಾದ, ಅದೂ ಕನ್ನಡದ ಮನೆಯಲ್ಲಿ. ಇದಕ್ಕಿಂತ ಕರಾರುವಾಕ್ಕಾದ ಅನುವಾದ ಸಿಗಲಾರದು. ಇಡೀ ನಾಡಿನಲ್ಲಿ ಹಂಗಾಮಿ ಎಂಬ ವಿಶೇಷಣ ಮರ್ಯಾದೆ ತರುವ ಜಾಗ ಅದೊಂದೇ ಇರಬೇಕು.

ಈಗಿನ ಹುಡುಗರು ಹಂಗಾಮ ಎನ್ನುವುದು ಕಡಿಮೆ. ‘ತೊಗರಿ ಸೀಸನ್’, ‘ಲಗ್ನದ ಸೀಸನ್’ ಎನ್ನುತ್ತಾರೆ. ಹಳೇ ಪದ ಹೋಯಿತೆಂದು ಮರುಗಬೇಕಾಗಿಲ್ಲ. ಸೀಸನ್ ಎಂಬುದರ ಬೇರು ಲ್ಯಾಟಿನ್ನಿನ ‘ಸಾಟಿಯೊ’, ಅಂದರೆ ಬಿತ್ತಿಗೆ. ಅದು ಫ್ರೆಂಚಿನಲ್ಲಿ ‘ಸೆಜೋನ್’ ಆಗಿ, ಒಂದು ಕಡೆ ಇಂಗ್ಲಿಷಿಗೂ ಇನ್ನೊಂದು ಕಡೆ ರಷ್ಯನ್ ಭಾಷೆಗೂ ಹೋಯಿತು. ರಷ್ಯನ್ನಿನ ‘ಸೆಜೊನ್’ ನಾಟಕದ ಸೀಸನ್ನಿಗೂ ಆಗುತ್ತದೆ. ಅದರಿಂದ ಹುಟ್ಟಿದ ‘ಸೆಜೊನ್ನಿಕ್’ ಎಂದರೆ ಹಂಗಾಮಿಗೆ ದುಡಿಯಲು ಬಂದವನು. ಜೇವರ್ಗಿಯ ಹುಡುಗ ಜೀನ್ಸ್ ಹಾಕಿಕೊಂಡು ‘ಸೀಸನ್’ ಎಂದಾಗ ಅವನಿಗೆ ಗೊತ್ತಿಲ್ಲದೆಯೇ ರೋಮಿನ ಒಕ್ಕಲಿಗನ ಬಿತ್ತಿಗೆಯ ಮಾತಾಡುತ್ತಿದ್ದಾನೆ. ಪಾರ್ಸಿಯ ಹಂಗಾಮದಲ್ಲಿ ಬೀಜವೂ ಇರಲಿಲ್ಲ, ಹೊಲವೂ ಇರಲಿಲ್ಲ. ಅದರೊಳಗೆ ಹೊಲ ತುಂಬಿದವರು ನಾವು.

ಬಿತ್ತಿಗೆಯೋ ಕೊಯ್ಲೋ ಎಂಬ ಈ ಜಿಜ್ಞಾಸೆಗೆ ದುಡ್ಡಿನ ಲೆಕ್ಕವೂ ಇದೆ. 2016ರಲ್ಲಿ ಬಂದ ಪ್ರಧಾನಮಂತ್ರಿ ಫಸಲ್ ಬಿಮಾ ಯೋಜನೆಯಲ್ಲಿ ಮುಂಗಾರಿನ ಆಹಾರ ಬೆಳೆಗೆ ರೈತ ಕಟ್ಟುವ ಕಂತು ವಿಮಾ ಮೊತ್ತದ ಶೇಕಡಾ 2, ಹಿಂಗಾರಿನದಕ್ಕೆ ಶೇಕಡಾ 1.5. ತೊಗರಿಯನ್ನು ಜೂನ್–ಜುಲೈನಲ್ಲಿ ಬಿತ್ತಿ ಡಿಸೆಂಬರ್–ಜನವರಿಯಲ್ಲಿ ರಾಶಿ ಮಾಡುತ್ತೇವೆ. ಅದು ಎರಡು ಹಂಗಾಮಗಳ ನಡುವೆ ಕಾಲು ಚಾಚಿ ಮಲಗುವ ಬೆಳೆ. ಆದರೂ ಅರ್ಜಿಯಲ್ಲಿ ಅದು ಮುಂಗಾರು. ಸರ್ಕಾರವೂ ಲ್ಯಾಟಿನ್ನಿನಂತೆ ಬಿತ್ತಿದ ದಿನವನ್ನೇ ಹಿಡಿದಿದೆ. 2019ರಲ್ಲಿ ನಮ್ಮ ತೊಗರಿ ಬೇಳೆಗೆ ಭೌಗೋಳಿಕ ಗುರುತು ಸಿಕ್ಕಿತು. 2022ರಲ್ಲಿ ಕಾಯಿ ಹಿಡಿಯುವ ಹೊತ್ತಿಗೆ ನೆಟೆ ರೋಗ ಬಂದು ಜಿಲ್ಲೆಯ ಎಷ್ಟೋ ಹೊಲಗಳು ನಿಂತಲ್ಲೇ ಒಣಗಿದವು. ಅವ್ವ ಒಣಗಿದ ಗಿಡವೊಂದನ್ನು ಕಿತ್ತು ಬೇರು ನೋಡಿ, ‘ಹ್ವಾಯ್ತು ಬಿಡು, ಮುಂದಿನ ಹಂಗಾಮಕ್ಕ ಕಡ್ಲಿ ಹಾಕಮು’ ಅಂದಳು. ಅವಳ ಪದದಲ್ಲಿ ಮುಂದಿನದೊಂದು ಇದ್ದೇ ಇರುತ್ತದೆ.

ಕಬ್ಬಿನ ಹಂಗಾಮು ಬೇರೆ ಜಾತಿಯದು. ಅಕ್ಕನ ಊರಿನ ಕಡೆ ಭೀಮೆಯ ನೀರು, ಸೊನ್ನ ಬ್ಯಾರೇಜು, ಕಬ್ಬು. ಸಕ್ಕರೆ ಲೆಕ್ಕದ ವರ್ಷ ಅಕ್ಟೋಬರ್ 1ಕ್ಕೆ ಶುರುವಾಗಿ ಸೆಪ್ಟೆಂಬರ್ 30ಕ್ಕೆ ಮುಗಿಯುತ್ತದೆ. ಕಬ್ಬಿನ ದರವನ್ನು ಕೇಂದ್ರ ಸರ್ಕಾರ ಹಂಗಾಮಿನ ಲೆಕ್ಕದಲ್ಲೇ ಸಾರುತ್ತದೆ. 2024-25ರ ಹಂಗಾಮಿಗೆ, ಶೇಕಡಾ 10.25 ಇಳುವರಿಗೆ, ಕ್ವಿಂಟಲಿಗೆ 340 ರೂಪಾಯಿ. ಆದರೆ ಗಾಣ ತಿರುಗುವುದು ವರ್ಷದಲ್ಲಿ ನಾಲ್ಕೈದು ತಿಂಗಳು ಮಾತ್ರ. ಹಾಗಾಗಿ ಸಕ್ಕರೆ ಉದ್ಯಮದಲ್ಲಿ ಒಂದು ವಿಚಿತ್ರ ವರ್ಗದ ಕೆಲಸಗಾರರಿದ್ದಾರೆ. ಗಡಿಯಾಚೆಯ ಕಾರ್ಖಾನೆಗಳಲ್ಲಿ ಅವರನ್ನು ‘ಹಂಗಾಮಿ ಕಾಯಮ್’ ಎನ್ನುತ್ತಾರೆ. ಹಂಗಾಮಿಯೂ ಹೌದು, ಖಾಯಮ್ಮೂ ಹೌದು. ಗಾಣ ನಿಂತಾಗ ಮನೆಗೆ ಹೋಗುತ್ತಾರೆ, ಗಾಣ ತಿರುಗುವಾಗ ಅದೇ ಜಾಗಕ್ಕೆ ವಾಪಸು ಬರುತ್ತಾರೆ. ನಡುವಿನ ತಿಂಗಳುಗಳಿಗೆ ಸಂಬಳದ ಒಂದು ಪಾಲು ಭತ್ಯೆಯೆಂದು ಸಿಗುತ್ತದೆ.

ಅಕ್ಕನ ಗಂಡ, ನಾವು ಮಾಮಾ ಅನ್ನುತ್ತೇವೆ, ಇಂಥ ಕೆಲಸದಲ್ಲಿದ್ದಾನೆ. ಕಾರ್ಖಾನೆಯ ಹೆಸರು ಇಲ್ಲಿ ಬೇಡ. ಬೇಸಗೆಯಲ್ಲಿ ಅವನು ಮನೆಯಲ್ಲೇ ಇರುತ್ತಾನೆ. ಎಮ್ಮೆ ಮೈತೊಳೆಯುತ್ತಾನೆ, ಲಗ್ನಗಳಿಗೆ ಓಡಾಡುತ್ತಾನೆ, ನಮ್ಮ ಹೊಲಕ್ಕೂ ಬಂದು ಕೈ ಹಚ್ಚುತ್ತಾನೆ. ಯಾರಾದರೂ ‘ಏನ್ ಮಾಮಾ, ಕೆಲ್ಸಾ ಇಲ್ಲೇನು?’ ಎಂದರೆ, ‘ಕೆಲ್ಸಾ ಅದ, ಹಂಗಾಮ ಇಲ್ಲ’ ಎಂದು ಬೀಡಿ ಹಚ್ಚುತ್ತಾನೆ. ಆ ನಾಲ್ಕು ಪದದ ಉತ್ತರದಲ್ಲಿರುವ ನಿರಾಳ ನನಗೆ ಹೊಟ್ಟೆಕಿಚ್ಚು ತರಿಸುತ್ತದೆ. ಅವನು ಹತ್ತನೇ ಫೇಲು, ನನ್ನ ಬಳಿ ಎರಡು ಸ್ನಾತಕೋತ್ತರ ಪದವಿ, ಒಂದು ನೆಟ್ಟು.

ನನ್ನ ಆದೇಶಪತ್ರದ ಭಾಷೆ ಪ್ರತಿ ವರ್ಷ ಒಂದೇ. ಈ ನೇಮಕಾತಿ ಕೇವಲ ಹಂಗಾಮಿಯಾಗಿದ್ದು, ಖಾಯಂ ನೇಮಕಾತಿ ಅಥವಾ ವರ್ಗಾವಣೆಯಿಂದ ಹುದ್ದೆ ಭರ್ತಿಯಾದ ತಕ್ಷಣ ಯಾವುದೇ ಮುನ್ಸೂಚನೆಯಿಲ್ಲದೆ ಬಿಡುಗಡೆ ಮಾಡಲಾಗುವುದು, ಮುಂದಿನ ಯಾವುದೇ ಹಕ್ಕಿಗೆ ಅವಕಾಶವಿಲ್ಲ ಎಂಬರ್ಥದ ನಾಲ್ಕು ಸಾಲು. ಒಂಬತ್ತು ವರ್ಷದಿಂದ ಒಂಬತ್ತು ಸಲ ಸಹಿ ಮಾಡಿದ್ದೇನೆ. ಇಲ್ಲಿ ಹಂಗಾಮು ಎಲ್ಲಿದೆ ಎಂದು ಹುಡುಕಬೇಕಾಗುತ್ತದೆ. ಮಾಮಾನ ಹಂಗಾಮಿಗೆ ಕಬ್ಬಿದೆ, ಅವ್ವನ ಹಂಗಾಮಕ್ಕೆ ಮಳೆಯಿದೆ. ಪಾಠ ಮಾತ್ರ ವರ್ಷವೂ ಇರುತ್ತದೆ, ಮಕ್ಕಳೂ ಇರುತ್ತಾರೆ, ಪರೀಕ್ಷೆಯೂ ಇರುತ್ತದೆ. ಕೆಲಸ ಹಂಗಾಮಿನದಲ್ಲ. ಕೆಲಸದವನು ಮಾತ್ರ ಹಂಗಾಮಿ.

ಅದರ ಎದುರಿಗೆ ನಿಂತ ಪದ ಖಾಯಂ. ನಿಂತ ಎಂದು ಬೇಕೆಂದೇ ಬರೆದೆ. ಅರಬ್ಬಿಯ ‘ಕಾಯಿಮ್’ ಎಂದರೆ ನಿಂತಿರುವವನು. ಅದೇ ಬೇರಿನಿಂದ ‘ಮಕಾಮ್’ ಬಂತು, ನಿಲ್ಲುವ ಜಾಗ. ಅದೇ ನಮ್ಮ ಲಗ್ನಪತ್ರಿಕೆಗಳಲ್ಲಿ ಊರಿನ ಹೆಸರಿನ ಹಿಂದೆ ಬರುವ ‘ಮುಕ್ಕಾಂ’. ಸತ್ತವರೆಲ್ಲ ಎದ್ದು ನಿಲ್ಲುವ ಕೊನೆಯ ದಿನದ ಹೆಸರು ‘ಕಿಯಾಮತ್’, ಅದೂ ಇದೇ ಬೇರಿನದು. ಹೆಣ್ಣು ನೋಡಲು ಹೋದ ಮನೆಗಳಲ್ಲಿ ನನಗೆ ಕೇಳಿದ ಮೊದಲ ಪ್ರಶ್ನೆ ಪ್ರತಿ ಸಲವೂ ಒಂದೇ: ‘ಖಾಯಂ ಏನ್ರಿ?’ ಹೆಸರು, ಅಡ್ಡಹೆಸರು, ಹೊಲದ ಎಕರೆ ಎಲ್ಲ ಆಮೇಲೆ. ಒಂದು ಮನೆಯಲ್ಲಿ ಅಪ್ಪ ನನ್ನ ಪರವಾಗಿ ‘ಹಂಗಾಮಿ ಅದಾನ್ರಿ, ಆದ್ರ ವರ್ಷಾ ತಗೋತಾರ್ರಿ’ ಎಂದು ಉತ್ತರ ಕೊಟ್ಟ. ಆ ಯಜಮಾನರು ಚಹಾದ ಬಸಿ ಕೆಳಗಿಟ್ಟು, ‘ವರ್ಷಾ ತಗೊಳ್ಳೋದಿದ್ರ ಖಾಯಂ ಯಾಕ್ ಮಾಡವಲ್ರು?’ ಎಂದರು. ಬಹಳ ಸರಿಯಾದ ಪ್ರಶ್ನೆ. ಕೇಳಬೇಕಾದ ಜಾಗದಲ್ಲಿ ಅದನ್ನು ಕೇಳಿದರೆ ಉತ್ತರ ಬರುವುದಿಲ್ಲ, ಅಷ್ಟೇ.

ನ್ಯಾಯಾಲಯದಲ್ಲಿ ಉತ್ತರ ಬಂದಿದೆ, ಅದೂ ನಮ್ಮ ರಾಜ್ಯದ ಪ್ರಕರಣದಲ್ಲೇ. ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ಅಕ್ಷರಸ್ಥ ದಿನಗೂಲಿ ನೌಕರರ ಮೊಕದ್ದಮೆಯಲ್ಲಿ 1990ರಲ್ಲಿ ಸುಪ್ರೀಂ ಕೋರ್ಟು ನೌಕರರ ಕಡೆ ವಾಲಿತ್ತು. 2006ರ ಏಪ್ರಿಲ್ 10ರಂದು ಉಮಾದೇವಿ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಬಾಗಿಲು ಹಾಕಿತು. ಕರ್ನಾಟಕದ ವಾಣಿಜ್ಯ ತೆರಿಗೆ ಇಲಾಖೆಯಲ್ಲಿ 1985-86ರಿಂದ ದಿನಗೂಲಿಯ ಮೇಲೆ ದುಡಿಯುತ್ತಿದ್ದವರೂ ಅದರಲ್ಲಿದ್ದರು. ನಿಯಮದ ಪ್ರಕಾರ ಆಯ್ಕೆಯಾಗದೆ ಹಂಗಾಮಿಯಾಗಿ ಬಂದವರು, ಎಷ್ಟೇ ವರ್ಷ ದುಡಿದಿದ್ದರೂ, ಖಾಯಂ ಮಾಡಿ ಎಂದು ಹಕ್ಕಿನಿಂದ ಕೇಳುವಂತಿಲ್ಲ ಎಂಬುದು ತೀರ್ಪಿನ ಸಾರ. ಮಂಜೂರಾದ ಹುದ್ದೆಯಲ್ಲಿ, ಕೋರ್ಟಿನ ಆದೇಶದ ಬಲವಿಲ್ಲದೆ, ಹತ್ತು ವರ್ಷ ಮೀರಿ ದುಡಿದವರಿಗೆ ಮಾತ್ರ ಒಂದೇ ಒಂದು ಸಲದ ವಿನಾಯಿತಿ. ಸ್ಪರ್ಧೆಗೆ ಕಾದು ಕೂತ ಬೇರೆ ಲಕ್ಷಾಂತರ ಹುಡುಗರ ಕಡೆಯಿಂದ ನೋಡಿದರೆ ತೀರ್ಪಿನಲ್ಲಿ ಹುರುಳಿದೆ. ನನ್ನ ವಿದ್ಯಾರ್ಥಿಗಳೂ ಆ ಸಾಲಿನಲ್ಲಿದ್ದಾರೆ. ಆದರೆ ಹುದ್ದೆಗಳನ್ನು ವರ್ಷಗಟ್ಟಲೆ ಖಾಲಿ ಇಟ್ಟು ಹಂಗಾಮಿಗಳಿಂದ ನಡೆಸುವವರನ್ನು ಯಾರು ಕೇಳಬೇಕು ಎಂಬುದು ಹಾಗೇ ಉಳಿಯುತ್ತದೆ. ಹಂಗಾಮಿಗಳು ಬೀದಿಗಿಳಿದು ಅದನ್ನು ಕೇಳಿದರೆ ‘ಹಂಗಾಮಾ’ ಎನ್ನುತ್ತಾರೆ. ವ್ಯುತ್ಪತ್ತಿಯ ದೃಷ್ಟಿಯಿಂದ ಅದು ತಪ್ಪಲ್ಲ.

ಆ ದಿನ ಕ್ಲಾಸಿನಲ್ಲಿ ಹುಡುಗಿ ಇನ್ನೂ ಒಂದು ಮಾತು ಕೇಳಿದ್ದಳು: ‘ಸರ್, ಮತ್ತೊಬ್ಬರ ಹಂಗಿನಾಗ ಇರಾವ್ನೇ ಹಂಗಾಮಿ ಅಲ್ಲೇನ್ರಿ?’ ಅಲ್ಲ. ಹಂಗು ಕನ್ನಡದ್ದು, ಹಂಗಾಮಿ ಪಾರ್ಸಿಯದು, ಎರಡಕ್ಕೂ ರಕ್ತಸಂಬಂಧವಿಲ್ಲ. ಬೋರ್ಡಿನ ಮೇಲೆ ಎರಡನ್ನೂ ಬಿಡಿಸಿ ಬರೆದು ತೋರಿಸಿದೆ. ಆದರೆ ಪದಗಳು ನೆರೆಹೊರೆಯಿಂದಲೂ ಅರ್ಥ ಕಡ ತಂದುಕೊಳ್ಳುತ್ತವೆ. ಕನ್ನಡದ ಕಿವಿಗೆ ಹಂಗಾಮಿ ಎಂದೊಡನೆ ಹಂಗು ಕೇಳಿಸುತ್ತಿದ್ದರೆ ಅದನ್ನು ಯಾವ ನಿಘಂಟೂ ತಡೆಯಲಾರದು. ಅವಳ ಉತ್ತರಕ್ಕೆ ಪರೀಕ್ಷೆಯಲ್ಲಿ ಅಂಕ ಸಿಗುವುದಿಲ್ಲ ಎಂದು ಹೇಳಿದೆ. ‘ಇರ್ಲಿ ಬಿಡ್ರಿ ಸರ್’ ಎಂದು ಅವಳು ಅದನ್ನೂ ನೋಟಿನ ಅಂಚಿನಲ್ಲಿ ಬರೆದುಕೊಂಡಳು.

ಈ ವಾರ ಅವ್ವ ಫೋನು ಮಾಡಿದ್ದಳು. ತೊಗರಿ ಕಾಯಿ ಹಿಡಿದಿದೆ, ಆಳು ಸಿಗುತ್ತಿಲ್ಲ, ರಾಶಿಗೆ ಎರಡು ದಿನ ಬಾ ಅಂದಳು. ರಾಶಿಯ ವಾರವೇ ಸೆಮಿಸ್ಟರಿನ ಕೊನೆಯ ವಾರ. ಅತಿಥಿಗೆ ಸಂಬಳದ ರಜೆ ಲೆಕ್ಕ ಹಾಕಿ ಸಿಗುತ್ತದೆ, ಮೀರಿದರೆ ದಿನದ ಲೆಕ್ಕ ಕಡಿತ. ನನ್ನ ಲೆಕ್ಕದಲ್ಲಿ ಉಳಿದದ್ದು ಒಂದು. ಮಾಮಾ ಬರಲಾರ, ಅವನ ಗಾಣ ಈಗ ತಿರುಗುತ್ತಿದೆ. ಒಂದು ದಿನದ ರಜೆಗೆ ಅರ್ಜಿ ಬರೆದಿದ್ದೇನೆ, ಎರಡನೇ ದಿನಕ್ಕೆ ಐತವಾರ ಕೂಡಿಸಿಕೊಂಡಿದ್ದೇನೆ. ಕಾರಣ ಎಂಬ ಜಾಗದಲ್ಲಿ ‘ಹಂಗಾಮು’ ಎಂದು ತುಂಬಿದೆ. ಗುಮಾಸ್ತರು ಓದಿ, ‘ಇದೇನ್ ಸರ್, ಹಂಗಾಮಿ ಅಂತ ಬರೀಲಾಕ್ ಹೋಗಿ ಬಿಟ್ಟೀರೇನು?’ ಅಂದರು. ಕೌಟುಂಬಿಕ ಕಾರಣ ಎಂದು ತಿದ್ದಿಕೊಟ್ಟೆ.